ಸಾಕೆ ಬಟ್ಟಲಿನ ಋಣ: ‘ಜಿಂಗಿ ನಾಕಿ ತತಕಾಯ್’ ಚಿತ್ರದಲ್ಲಿ ನಿಷ್ಠೆ ಮತ್ತು ದ್ರೋಹದ ಒಂದು ಪ್ರಕರಣ

ಜಪಾನಿನ ತೊಎಯ್ ಕಂಪನಿ 1973ರ ಜನವರಿ 13ರಂದು ‘ಜಿಂಗಿ ನಾಕಿ ತತಕಾಯ್’ ಎಂಬ ಚಿತ್ರವನ್ನು ಬಿಡುಗಡೆ ಮಾಡಿತು. ಹೆಸರಿನ ಅರ್ಥ, ಧರ್ಮವೂ ಮರ್ಯಾದೆಯೂ ಇಲ್ಲದ ಕಾಳಗ ಎಂದು. ಆ ಚಿತ್ರದ ಹತ್ತಾರು ಪಾತ್ರಗಳಲ್ಲಿ ಇಬ್ಬರ ಸಂಬಂಧವನ್ನು ಮಾತ್ರ ಇಲ್ಲಿ ಪ್ರಕರಣವಾಗಿ ಎತ್ತಿಕೊಂಡಿದ್ದೇನೆ: ಗುಂಪಿನ ಯಜಮಾನ ಯೊಶಿಯೊ ಯಾಮಾಮೊರಿ, ಮತ್ತು ಅವನ ಕೈಯಿಂದ ಸಾಕೆ (ಅಕ್ಕಿಯ ಮದ್ಯ) ಬಟ್ಟಲು ಪಡೆದು ಅವನ ‘ಮಗ’ನಾದ ಶೋಜೊ ಹಿರೊನೊ. ದ್ರೋಹವೆಂದರೆ ಒಬ್ಬ ಕೆಟ್ಟವನು ಕಟ್ಟಳೆಯನ್ನು ಮುರಿಯುವುದು ಎಂಬ ತಿಳಿವಳಿಕೆ ಯಾಕುಜಾ, ಅಂದರೆ ಜಪಾನಿನ ಸಂಘಟಿತ ಪಾತಕಿ ಗುಂಪುಗಳ, ಚಿತ್ರಗಳನ್ನು ನೋಡುವವರಲ್ಲಿ ಸಾಮಾನ್ಯ. ಈ ಪ್ರಕರಣ ಅದನ್ನು ಒಪ್ಪುವುದಿಲ್ಲ. ಯಾಮಾಮೊರಿ ಕಟ್ಟಳೆಯನ್ನು ಮುರಿದದ್ದಕ್ಕಿಂತ ಹೆಚ್ಚಾಗಿ ಅದನ್ನು ದುಡಿಸಿಕೊಂಡ. ಅವನ ಎಲ್ಲ ದ್ರೋಹಗಳಿಗೂ ಬಂಡವಾಳ ಒದಗಿದ್ದು ಹಿರೊನೊನಂಥವರ ನಿಷ್ಠೆಯಿಂದಲೇ ಎಂಬುದನ್ನು ಘಟನೆಗಳ ಕ್ರಮದಲ್ಲಿಯೇ ತೋರಿಸಲು ಪ್ರಯತ್ನಿಸುತ್ತೇನೆ.

ಈ ಚಿತ್ರ ಯಾವುದಕ್ಕೆ ಎದುರಾಗಿ ನಿಂತಿತು ಎಂಬುದನ್ನು ಮೊದಲು ಹೇಳಬೇಕು. 1963ರ ಸುಮಾರಿನಿಂದ ತೊಎಯ್ ಕಂಪನಿ ನಿಂಕ್ಯೊ ಚಿತ್ರಗಳೆಂಬ ಮಾದರಿಯನ್ನು ಬೆಳೆಸಿತ್ತು. ಕೊಜಿ ತ್ಸುರುತಾ, ಕೆನ್ ತಕಾಕುರಾ, ಜುಂಕೊ ಫುಜಿ ಅವುಗಳ ತಾರೆಯರು. ಹಳೆಯ ಕಾಲದ ಜೂಜುಕೋರ ನಾಯಕ ಒಂದು ಕಡೆ ಯಜಮಾನನ ಋಣ, ಇನ್ನೊಂದು ಕಡೆ ಮನಸ್ಸಿನ ಮಮತೆ ಎಳೆಯುತ್ತಿರಲು ಕೊನೆಯವರೆಗೂ ಸಹಿಸುತ್ತಾನೆ. ಸಹನೆ ಮೀರಿದಾಗ ಕತ್ತಿ ಹಿಡಿದು ಎದುರಾಳಿ ಗುಂಪಿನ ಮನೆಗೆ ನಡೆಯುತ್ತಾನೆ. ಅಲ್ಲಿ ದ್ರೋಹಿ ಯಾವಾಗಲೂ ಕಟ್ಟಳೆಯ ಹೊರಗಿನವನು. ಅವನನ್ನು ಕೊಂದರೆ ಕಟ್ಟಳೆ ಮತ್ತೆ ಶುದ್ಧವಾಗುತ್ತದೆ. ಈ ಮಾದರಿಯ ಅತ್ಯುತ್ತಮ ಚಿತ್ರಕಥೆಗಳಲ್ಲಿ ಒಂದನ್ನು 1968ರಲ್ಲಿ ಬರೆದ ಕಜುವೊ ಕಸಾಹಾರಾ ಅವರೇ ಐದು ವರ್ಷಗಳ ನಂತರ ‘ಜಿಂಗಿ ನಾಕಿ ತತಕಾಯ್’ ಬರೆದರು. ಕಟ್ಟಳೆಯ ಸೊಬಗನ್ನು ಒಳಗಿನಿಂದ ಬಲ್ಲ ಬರಹಗಾರನಿಗೆ ಅದು ಎಲ್ಲಿ ಟೊಳ್ಳು ಎಂಬುದೂ ತಿಳಿದಿತ್ತು. ಚಿತ್ರದ ಬಲದ ದೊಡ್ಡ ಪಾಲು ಅಲ್ಲಿಂದ ಬಂದಿದೆ ಎಂದು ನನಗನ್ನಿಸುತ್ತದೆ.

ಕಥೆಯ ಮೂಲ ನಿಜ ಜೀವನದ್ದು. ಹಿರೊಶಿಮಾ ಪ್ರಾಂತ್ಯದ ಕುರೆ ಎಂಬ ಬಂದರು ನಗರದಲ್ಲಿ ಗುಂಪಿನ ಮುಖ್ಯಸ್ಥನಾಗಿದ್ದ ಕೊಜೊ ಮಿನೊ ಸೆರೆಮನೆಯಲ್ಲಿದ್ದಾಗ ತನ್ನ ಅನುಭವಗಳನ್ನು ಬರೆದಿಟ್ಟಿದ್ದ. ಅದನ್ನು ಆಧರಿಸಿ ಪತ್ರಕರ್ತ ಕೊಯಿಚಿ ಈಬೊಶಿ 1972ರಲ್ಲಿ ವಾರಪತ್ರಿಕೆಯೊಂದರಲ್ಲಿ ಧಾರಾವಾಹಿ ಬರೆದರು. ನಿರ್ದೇಶಕ ಕಿಂಜಿ ಫುಕಾಸಾಕು. ಹಿರೊನೊ ಪಾತ್ರದಲ್ಲಿ ಬುಂತಾ ಸುಗಾವಾರಾ, ಯಾಮಾಮೊರಿಯಾಗಿ ನೊಬುವೊ ಕಾನೆಕೊ.

ಕುರೆ ಎಂಥ ಊರು ಎಂಬುದು ಈ ಪ್ರಕರಣಕ್ಕೆ ಮುಖ್ಯ. ಸಾಮ್ರಾಜ್ಯದ ನೌಕಾಪಡೆಯ ದೊಡ್ಡ ನೆಲೆ ಅದು. ‘ಯಮಾತೊ’ ಯುದ್ಧನೌಕೆ ಕಟ್ಟಿದ್ದು ಅಲ್ಲಿಯೇ. ಯುದ್ಧ ಸೋತ ಮೇಲೆ ನೌಕಾಪಡೆ ಹೋಯಿತು, ಅದನ್ನು ನಂಬಿದ್ದ ಕೂಲಿ ಹೋಯಿತು, ಉಳಿದದ್ದು ಕಾಳಸಂತೆ. ಚಿತ್ರ ಅಣುಬಾಂಬಿನ ಅಣಬೆ ಮೋಡದಿಂದ ಆರಂಭವಾಗಿ ನೇರವಾಗಿ 1946ರ ಆ ಕಾಳಸಂತೆಗೆ ಇಳಿಯುತ್ತದೆ. ಸೈನ್ಯದಿಂದ ಮರಳಿದ ಹಿರೊನೊ ಇನ್ನೂ ಹಳೆಯ ಸಮವಸ್ತ್ರದಲ್ಲೇ ಇದ್ದಾನೆ. ಆಜ್ಞೆ ಪಾಲಿಸುವುದೊಂದನ್ನೇ ಕಲಿತು ಬಂದ ಹುಡುಗರಿಗೆ ಆಜ್ಞೆ ಕೊಡುವವರೇ ಇಲ್ಲವಾದ ಆ ಗಳಿಗೆಯಲ್ಲಿ ಯಾಮಾಮೊರಿಯಂಥವರು ‘ಅಪ್ಪ’ನ ಜಾಗ ಹಿಡಿದರು. ಸಂತೆಯ ಗಲಭೆಯೊಂದರಲ್ಲಿ ಗೆಳೆಯರ ಪರವಾಗಿ ನಿಂತು, ಕತ್ತಿ ಹಿಡಿದ ಯಾಕುಜಾ ಒಬ್ಬನನ್ನು ಹಿರೊನೊ ಗುಂಡಿಟ್ಟು ಕೊಲ್ಲುತ್ತಾನೆ, ಸೆರೆಮನೆ ಸೇರುತ್ತಾನೆ. ಅಲ್ಲಿಯವರೆಗೆ ಅವನು ಯಾವ ಗುಂಪಿನ ಆಳೂ ಅಲ್ಲ.

ಸೆರೆಮನೆಯಲ್ಲಿ ಅವನಿಗೆ ಸಿಗುವವನು ದೊಯಿ ಗುಂಪಿನ ಹಿರೊಶಿ ವಾಕಾಸುಗಿ. ಹೊಟ್ಟೆ ಇರಿದುಕೊಂಡು ಸಾಯಲು ಹೊರಟವನಂತೆ ನಟಿಸಿ ಹೊರಗೆ ಹೋಗುವ ಯೋಜನೆ ವಾಕಾಸುಗಿಯದು. ಅದಕ್ಕೆ ಹಿರೊನೊ ನೆರವಾಗುತ್ತಾನೆ. ಇಬ್ಬರೂ ತೋಳು ಕೊಯ್ದುಕೊಂಡು ಒಬ್ಬರ ರಕ್ತವನ್ನು ಇನ್ನೊಬ್ಬರು ನೆಕ್ಕಿ ಅಣ್ಣತಮ್ಮಂದಿರಾಗುತ್ತಾರೆ. ಇಡೀ ಚಿತ್ರದಲ್ಲಿ ಕೊನೆಯವರೆಗೆ ಮಾಸದೆ ಉಳಿಯುವ ನಿಷ್ಠೆ ಇದೊಂದೇ. ಇದು ಎರಡು ಬೇರೆ ಬೇರೆ ಗುಂಪುಗಳಿಗೆ ಸೇರಲಿರುವ ಇಬ್ಬರ ನಡುವೆ ಹುಟ್ಟಿದ್ದು, ಅಂದರೆ ಕಟ್ಟಳೆಯ ಪ್ರಕಾರ ಮುಂದೆ ವೈರಿಗಳಾಗಬೇಕಾದವರ ನಡುವೆ. ವಾಕಾಸುಗಿಯ ಮೂಲಕವೇ ಯಾಮಾಮೊರಿ ಹಿರೊನೊನನ್ನು ಜಾಮೀನಿನ ಮೇಲೆ ಬಿಡಿಸಿಕೊಳ್ಳುತ್ತಾನೆ. ಬಿಡಿಸಿದ ಕ್ಷಣದಿಂದ ಋಣ ಆರಂಭವಾಗುತ್ತದೆ.

ಸಾಕೆ ಬಟ್ಟಲಿನ ಶಾಸ್ತ್ರ ಯಾಕುಜಾ ಗುಂಪಿನ ತಿರುಳು. ಒಯಾಬುನ್, ಅಂದರೆ ತಂದೆಯ ಸ್ಥಾನದಲ್ಲಿರುವ ಯಜಮಾನ, ಕುಡಿದು ಕೊಟ್ಟ ಬಟ್ಟಲನ್ನು ಕೊಬುನ್, ಅಂದರೆ ಮಗನ ಸ್ಥಾನದವನು, ಕುಡಿದು ಎದೆಗಿಟ್ಟುಕೊಳ್ಳುತ್ತಾನೆ. ಅಂದಿನಿಂದ ಅವನ ಜೀವದ ಮೇಲೆ ಯಜಮಾನನಿಗೆ ಹಕ್ಕು. ಯಜಮಾನನ ಮೇಲೆ ಅವನಿಗೂ ಹಕ್ಕಿದೆ ಎಂದು ಮಾತಿನಲ್ಲಿ ಹೇಳುತ್ತಾರೆ. ಆದರೆ ಯಜಮಾನ ತಪ್ಪಿದರೆ ಕೇಳುವವರು ಯಾರು ಎಂಬುದಕ್ಕೆ ಆ ಶಾಸ್ತ್ರದಲ್ಲಿ ಜಾಗವಿಲ್ಲ. ಕೆಳಗಿನವನು ತಪ್ಪಿದರೆ ಬೆರಳು ಕಡಿದುಕೊಡುವುದಿದೆ, ಬಹಿಷ್ಕಾರವಿದೆ, ಸಾವಿದೆ. ಮೇಲಿನವನಿಗೆ ಅಂಥದ್ದೇನೂ ಇಲ್ಲ. ಯಾಮಾಮೊರಿಯ ಬುದ್ಧಿವಂತಿಕೆ ಎಂದರೆ ಈ ಬಿರುಕನ್ನು ಎಲ್ಲರಿಗಿಂತ ಮೊದಲು ಕಂಡದ್ದು.

ಬೆರಳಿನ ಪ್ರಸಂಗವನ್ನು ಸ್ವಲ್ಪ ಹತ್ತಿರದಿಂದ ನೋಡೋಣ. ಜೂಜಿನ ಮನೆಯಲ್ಲಿ ಹಿರೊನೊ ಜಗಳವಾಡಿ, ಊರಿನ ಪ್ರಭಾವಿ ಒಕುಬೊಗೆ ಬೇಕಾದವನೊಬ್ಬನನ್ನು ಹೊಡೆದುಬಿಡುತ್ತಾನೆ. ಯಾಮಾಮೊರಿಗೆ ಅದರಿಂದ ತೊಂದರೆ. ತಪ್ಪಿಗೆ ಬೆರಳು ಕೊಡುತ್ತೇನೆ ಎಂದು ಹಿರೊನೊ ತಾನೇ ಮುಂದೆ ಬರುತ್ತಾನೆ. ಆದರೆ ಕೂತ ಗಂಡಸರಲ್ಲಿ ಯಾರಿಗೂ ಬೆರಳು ಕಡಿಯುವ ಕ್ರಮ ಗೊತ್ತಿಲ್ಲ. ಒಸಾಕಾದಲ್ಲಿ ಹಿಂದೊಮ್ಮೆ ನೋಡಿದ್ದೆನೆಂದು ಯಾಮಾಮೊರಿಯ ಹೆಂಡತಿ ಹೇಗೆ ಮಾಡಬೇಕೆಂದು ತೋರಿಸಿಕೊಡುತ್ತಾಳೆ. ಹಿರೊನೊ ಕತ್ತಿಯ ಮೇಲೆ ಭಾರ ಹಾಕಿ ಒತ್ತುತ್ತಾನೆ. ತುಂಡಾದ ಬೆರಳು ಹಾರಿ ಎಲ್ಲೋ ಬೀಳುತ್ತದೆ. ಎಲ್ಲರೂ ಗಾಬರಿಯಿಂದ ಹುಡುಕುತ್ತಾರೆ. ಅಂಗಳದಲ್ಲಿ ಕೋಳಿಗಳು ಅದನ್ನು ಕುಕ್ಕುತ್ತಿರುತ್ತವೆ.

ನಿಂಕ್ಯೊ ಚಿತ್ರದಲ್ಲಿ ಇದೇ ಸನ್ನಿವೇಶ ಬಂದಿದ್ದರೆ ಬಿಳಿ ಬಟ್ಟೆ, ಮೌನ, ಬೆವರಿನ ಹನಿ ಇರುತ್ತಿದ್ದವು. ಇಲ್ಲಿ ಸಂಪ್ರದಾಯವೆಂದು ಹೆಸರಾದದ್ದನ್ನು ಕಲಿತವರೇ ಆ ಕೋಣೆಯಲ್ಲಿಲ್ಲ. ಪ್ರೇಕ್ಷಕರು ಈ ದೃಶ್ಯಕ್ಕೆ ನಗುತ್ತಾರೆ, ನಗುವುದು ಸಹಜ. ಆದರೆ ಆ ಗದ್ದಲದ ನಡುವೆ ಹಿರೊನೊನ ಮುಖವನ್ನು ಗಮನಿಸಬೇಕು. ನೋವು ಅವನದು, ರಕ್ತ ಅವನದು, ನಂಬಿಕೆಯೂ ಅವನದೇ. ಉಳಿದವರಿಗೆ ಅದು ಒಂದು ವ್ಯವಹಾರ ಕುದುರಿಸುವ ಸಾಧನ. ಯಾಮಾಮೊರಿಯ ಬಿಕ್ಕಟ್ಟು ಅವನ ಬೆರಳಿನಿಂದ ಬಗೆಹರಿಯುತ್ತದೆ. ಇದು ಮೊದಲ ವಸೂಲಿ, ಮತ್ತು ಅದನ್ನು ಯಾರೂ ಕೇಳಿರಲಿಲ್ಲ. ಸಾಲಗಾರ ತಾನಾಗಿಯೇ ತಂದುಕೊಟ್ಟ.

ಎರಡನೆಯ ವಸೂಲಿ ಬೆರಳಿಗಿಂತ ದೊಡ್ಡದು. ಯಾಮಾಮೊರಿ ನಗರಸಭೆಯ ರಾಜಕೀಯದಲ್ಲಿ ಕೈಹಾಕಿ ದೊಯಿ ಗುಂಪಿನೊಂದಿಗೆ ವೈರ ಕಟ್ಟಿಕೊಳ್ಳುತ್ತಾನೆ. ಅಷ್ಟರಲ್ಲಿ ವಾಕಾಸುಗಿ ತನ್ನ ಯಜಮಾನ ದೊಯಿಯೊಂದಿಗೆ ಮನಸ್ತಾಪ ಮಾಡಿಕೊಂಡು ಇತ್ತ ಬಂದಿದ್ದಾನೆ, ಯಾಮಾಮೊರಿಯ ಕಡೆಯ ಕಾನ್ಬಾರಾ ಅತ್ತ ಹಾರಿದ್ದಾನೆ. ದೊಯಿಯನ್ನು ಮುಗಿಸಬೇಕು, ಯಾರು ಹೋಗುತ್ತೀರಿ ಎಂದು ಯಾಮಾಮೊರಿ ಕೇಳಿದಾಗ, ಬಟ್ಟಲು ಹಿಡಿದು ಪ್ರಾಣ ಕೊಡುತ್ತೇವೆಂದಿದ್ದವರೆಲ್ಲ ನೆಲ ನೋಡುತ್ತಾರೆ. ಮಾಕಿಹಾರಾ ಎಂಬವನು ಹೆಂಡತಿ ಬಸುರಿ ಎಂದು ಗೊಳೋ ಎಂದು ಅಳುತ್ತಾನೆ. ವಾಕಾಸುಗಿ ತಾನು ಹೋಗುತ್ತೇನೆ ಎನ್ನುತ್ತಾನೆ. ಅವನು ಹೋದರೆ ಸ್ವಂತ ಯಜಮಾನನನ್ನೇ ಕೊಂದ ಕಳಂಕ ಹತ್ತುತ್ತದೆಂದು ಹಿರೊನೊ ತಡೆದು, ಆ ಕೆಲಸವನ್ನು ತನ್ನ ಮೇಲೆ ಹಾಕಿಕೊಳ್ಳುತ್ತಾನೆ.

ಈ ತಿರುವನ್ನು ಗಮನಿಸದಿದ್ದರೆ ಪ್ರಕರಣವೇ ಅರ್ಥವಾಗುವುದಿಲ್ಲ. ಹಿರೊನೊ ಕೊಲ್ಲಲು ಹೊರಡುವುದು ಯಾಮಾಮೊರಿಯ ಮೇಲಿನ ಭಕ್ತಿಯಿಂದ ಎಂದು ಮೇಲ್ನೋಟಕ್ಕೆ ಕಾಣುತ್ತದೆ, ಯಾಮಾಮೊರಿ ಹಾಗೆಂದೇ ಸ್ವೀಕರಿಸುತ್ತಾನೆ. ನಿಜವಾದ ಪ್ರೇರಣೆ ತನ್ನ ಅಣ್ಣನನ್ನು ಉಂಡ ಮನೆಗೆ ದ್ರೋಹ ಬಗೆದವನೆಂಬ ಹೆಸರಿನಿಂದ ಉಳಿಸುವುದು. ಅಡ್ಡವಾಗಿ ಹರಿಯುವ ಪ್ರೀತಿಯನ್ನು ಯಜಮಾನ ಮೇಲ್ಮುಖವಾಗಿ ತಿರುಗಿಸಿಕೊಂಡು ತನ್ನ ಲೆಕ್ಕಕ್ಕೆ ಜಮಾ ಮಾಡಿಕೊಳ್ಳುತ್ತಾನೆ. ಕಣ್ಣೀರು ಸುರಿಸಿ ಹಿರೊನೊನ ಕೈಹಿಡಿಯುವ ಯಾಮಾಮೊರಿ, ನೀನು ಸೆರೆಯಿಂದ ಮರಳಿದ ದಿನ ನನ್ನ ಆಸ್ತಿಯೆಲ್ಲ ನಿನ್ನದು ಎಂದು ಮಾತು ಕೊಡುತ್ತಾನೆ. ನೊಬುವೊ ಕಾನೆಕೊ ಆ ಅಳುವನ್ನು ಎಷ್ಟು ಚೆನ್ನಾಗಿ ಅಭಿನಯಿಸಿದ್ದಾರೆಂದರೆ, ಸುಳ್ಳೆಂದು ಗೊತ್ತಿದ್ದೂ ಒಂದು ಗಳಿಗೆ ನಂಬಬೇಕೆನಿಸುತ್ತದೆ. ಯಾಮಾಮೊರಿ ಸ್ವತಃ ಆ ಗಳಿಗೆಯಲ್ಲಿ ಅದನ್ನು ನಂಬಿರಬಹುದು ಎಂದೇ ನನ್ನ ಓದು; ಅಳು ಮುಗಿದ ಮೇಲೆ ಅದರ ನೆನಪು ಅವನಿಗೆ ಉಳಿಯುವುದಿಲ್ಲ, ಅಷ್ಟೇ.

ದೊಯಿ ಸಾಯುತ್ತಾನೆ. ಹಿರೊನೊ ಮತ್ತೆ ಸೆರೆಗೆ. ಪಕ್ಷಾಂತರ ಮಾಡಿದ ಕಾನ್ಬಾರಾನನ್ನು ವಾಕಾಸುಗಿ ಕೊಲ್ಲುತ್ತಾನೆ. ಆಮೇಲೆ ವಾಕಾಸುಗಿ ಅಡಗಿದ್ದ ಮನೆಯ ಸುಳಿವು ಪೊಲೀಸರಿಗೆ ಸಿಕ್ಕಿ ಅವನೂ ಅಲ್ಲೇ ಗುಂಡಿಗೆ ಬಲಿಯಾಗುತ್ತಾನೆ. ನಂಬಬಹುದಾಗಿದ್ದ ಒಬ್ಬನೂ ಇಲ್ಲದ ಊರಿಗೆ ಹಿರೊನೊ ಮರಳಬೇಕಾಗಿದೆ.

ಅವನು ಒಳಗಿದ್ದ ಅವಧಿಯಲ್ಲಿ ಹೊರಗೆ ಎಲ್ಲವೂ ಬದಲಾಗಿದೆ. 1950ರ ಜೂನ್‌ನಲ್ಲಿ ಕೊರಿಯಾ ಯುದ್ಧ ಆರಂಭವಾದಾಗ ಕುರೆ ಬಂದರಿಗೆ ಮತ್ತೆ ಕೆಲಸ ಬಂತು. ಮದ್ದುಗುಂಡು ಸಾಗಾಟದ ಹಣ ಯಾಮಾಮೊರಿ ಗುಂಪನ್ನು ಊರಿನ ದೊಡ್ಡ ಗುಂಪಾಗಿ ಮಾಡಿತು. ಹಣ ಬಂದಲ್ಲಿ ಪಾಲಿನ ಜಗಳವೂ ಬಂತು. ಗುಂಪಿನೊಳಗೆ ಶಿಂಕಾಯ್‌ನ ಕಡೆಯವರು ಹಿರೊಪೊನ್ ಎಂಬ ಉತ್ತೇಜಕ ಮದ್ದನ್ನು ಮಾರತೊಡಗುತ್ತಾರೆ. ಎರಡನೆಯ ಸ್ಥಾನದಲ್ಲಿದ್ದ ತೆತ್ಸುಯಾ ಸಕಾಯ್ ಅದನ್ನು ತಡೆದು ಮಾಲನ್ನು ಕಸಿದುಕೊಳ್ಳುತ್ತಾನೆ. ಕಸಿದ ಮಾಲನ್ನು ಯಾಮಾಮೊರಿ ಗುಟ್ಟಾಗಿ ಮಾರಿ ದುಡ್ಡು ಮಾಡುತ್ತಿದ್ದಾನೆಂದು ಆಮೇಲೆ ಬಯಲಾಗುತ್ತದೆ. ಎರಡು ಪಂಗಡಗಳನ್ನು ಒಂದರ ಮೇಲೊಂದು ಎತ್ತಿಕಟ್ಟಿ, ಎರಡರಿಂದಲೂ ಲಾಭ ಪಡೆಯುವ ಅವನ ಕ್ರಮ ಇಲ್ಲಿ ಪೂರ್ತಿ ಪಳಗಿದೆ.

ಆಗ ಸಕಾಯ್ ಯಜಮಾನನ ಮುಖದೆದುರೇ ಆಡುವ ಮಾತು ಚಿತ್ರದ ನಟ್ಟನಡುವಿನ ಸತ್ಯ. ನೀನು ಮೊದಲಿನಿಂದಲೂ ನಾವು ಹೊತ್ತುಕೊಂಡು ನಡೆದ ಮಿಕೊಶಿ, ಈ ಗುಂಪು ಇಲ್ಲಿಯವರೆಗೆ ಬರಲು ರಕ್ತ ಸುರಿಸಿದವರು ಯಾರು, ಮಿಕೊಶಿ ತಾನೇ ನಡೆಯುವುದಾದರೆ ನಡೆದು ತೋರಿಸು ಎಂಬ ಅರ್ಥ ಬರುವಂತೆ ಅವನು ಸವಾಲು ಹಾಕುತ್ತಾನೆ. ಮಿಕೊಶಿ ಎಂದರೆ ಶಿಂಟೊ ಜಾತ್ರೆಗಳಲ್ಲಿ ಯುವಕರು ಹೆಗಲ ಮೇಲೆ ಹೊತ್ತು ಕುಣಿಸುವ ದೇವರ ಗುಡಿ. ನಮ್ಮ ಜಾತ್ರೆಗಳ ಪಲ್ಲಕ್ಕಿಯನ್ನು ಬಲ್ಲ ಯಾರಿಗಾದರೂ ಸಕಾಯ್‌ನ ಮಾತು ವಿವರಣೆಯಿಲ್ಲದೆ ತಟ್ಟುತ್ತದೆ. ಹೊರುವವರ ಹೆಗಲಿನಿಂದಲೇ ದೇವರಿಗೆ ನಡಿಗೆ. ಆದರೆ ಸಕಾಯ್‌ಗೆ ಈ ಸತ್ಯ ಕಂಡರೂ ಅವನು ಪಲ್ಲಕ್ಕಿಯನ್ನು ಇಳಿಸುವುದಿಲ್ಲ. ಅದರೊಳಗೆ ತಾನು ಕೂರಲು ಹೊರಡುತ್ತಾನೆ. ಎದುರು ನಿಂತವರು ಸಾಯುತ್ತಾರೆ, ಯಾಮಾಮೊರಿ ಹಿಂದಕ್ಕೆ ಸರಿಯಬೇಕಾಗುತ್ತದೆ, ಸಕಾಯ್ ಹೊಸ ಯಜಮಾನನಂತೆ ನಡೆದುಕೊಳ್ಳುತ್ತಾನೆ. ಬಂಡಾಯಗಾರನೇ ಆದರೂ ಅವನು ಕಲಿತ ಪಾಠ ಹಳೆಯದೇ.

ಮಹಾಯುದ್ಧದ ನಂತರ ಜಪಾನ್ ಮಾಡಿಕೊಂಡ ಶಾಂತಿ ಒಪ್ಪಂದದ ಸಂದರ್ಭದ ಕ್ಷಮಾದಾನದಿಂದ ಹಿರೊನೊ ಬಿಡುಗಡೆಯಾಗಿ ಬರುತ್ತಾನೆ. ಆಸ್ತಿಯ ಮಾತು ಯಾರಿಗೂ ನೆನಪಿಲ್ಲ. ಯಾಮಾಮೊರಿ ಮತ್ತೆ ಅಳುತ್ತಾ, ಸಕಾಯ್‌ನನ್ನು ಮುಗಿಸು ಎಂಬ ಹೊಸ ಬೇಡಿಕೆ ಮುಂದಿಡುತ್ತಾನೆ. ಒಂದು ಕಾಲದ ಗೆಳೆಯನನ್ನು ಕೊಲ್ಲಲು ಅದೇ ಬಟ್ಟಲಿನ ಋಣವನ್ನು ಮೂರನೆಯ ಸಲ ತೋರಿಸಿದಾಗ, ಹಿರೊನೊ ಮೊದಲ ಬಾರಿಗೆ ಬಟ್ಟಲನ್ನೇ ಹಿಂದಿರುಗಿಸುತ್ತಾನೆ. ಆದರೆ ಸಕಾಯ್‌ನ ಕಡೆಗೂ ಸೇರುವುದಿಲ್ಲ. ಕಟ್ಟಳೆಯ ಭಾಷೆಯಲ್ಲಿ ಹೇಳುವುದಾದರೆ ಯಜಮಾನನ ಬಟ್ಟಲು ಮರಳಿಸಿದ ಹಿರೊನೊನೇ ದ್ರೋಹಿ, ಯಾಮಾಮೊರಿ ನಿರಪರಾಧಿ. ಕಟ್ಟಳೆ ಎಷ್ಟು ಕುರುಡು ಎಂಬುದಕ್ಕೆ ಇದಕ್ಕಿಂತ ಸ್ಪಷ್ಟವಾದ ಸಾಕ್ಷ್ಯ ಚಿತ್ರದಲ್ಲಿ ಇನ್ನೊಂದಿಲ್ಲ.

ಸಕಾಯ್ ಮತ್ತು ಹಿರೊನೊ ಕೊನೆಯ ಸಲ ಮಾತಾಡುವುದು ಕಾರಿನೊಳಗೆ. ರಾತ್ರಿ ಒಬ್ಬನೇ ಕುಡಿಯುತ್ತಾ ಕೂತಾಗ ಈ ಬಾಳು ಸಾಕೆನಿಸುತ್ತದೆ, ಬಿಟ್ಟುಬಿಡೋಣ ಅನ್ನಿಸುತ್ತದೆ, ಬೆಳಗಾಗಿ ಹುಡುಗರು ಸುತ್ತ ನೆರೆದರೆ ರಾತ್ರಿ ಯೋಚಿಸಿದ್ದೆಲ್ಲ ಮರೆತುಹೋಗುತ್ತದೆ ಎಂದು ಸಕಾಯ್ ತೋಡಿಕೊಳ್ಳುತ್ತಾನೆ. ಗುರಿಯಾದವನಿಗಿಂತ ಗುರಿಯಿಟ್ಟವನೇ ಯಾವಾಗಲೂ ಬಲಶಾಲಿ, ಹೀಗೆ ಯೋಚಿಸುತ್ತಾ ಕೂತರೆ ನಿನ್ನನ್ನು ಮುಗಿಸಿಬಿಡುತ್ತಾರೆ ಎಂದು ಹಿರೊನೊ ಎಚ್ಚರಿಸುತ್ತಾನೆ. ಇಬ್ಬರೂ ಒಬ್ಬರನ್ನೊಬ್ಬರು ಕೊಲ್ಲಬೇಕಾದ ಸ್ಥಾನದಲ್ಲಿದ್ದಾರೆ; ಚಿತ್ರದಲ್ಲಿ ಇಬ್ಬರು ಗಂಡಸರು ಸುಳ್ಳಿಲ್ಲದೆ ಮಾತಾಡುವ ಅಪರೂಪದ ಗಳಿಗೆ ಇದು. ಅದಾದ ಮೇಲೆ ಸಕಾಯ್ ಮಗುವಿಗೆ ಗೊಂಬೆ ಕೊಳ್ಳಲು ಆಟಿಕೆ ಅಂಗಡಿಗೆ ಹೋಗಿ ಅಲ್ಲೇ ಗುಂಡೇಟು ತಿಂದು ಸಾಯುತ್ತಾನೆ.

ಅವನ ಶವಸಂಸ್ಕಾರಕ್ಕೆ ದೊಡ್ಡ ಹೂಮಾಲೆಗಳು, ಊರಿನ ಗಣ್ಯರು, ಎದುರು ಸಾಲಿನಲ್ಲಿ ಯಾಮಾಮೊರಿ. ಹಿರೊನೊ ಸಾಮಾನ್ಯ ಬಟ್ಟೆಯಲ್ಲಿ ಬಂದು, ಸತ್ತವನ ಭಾವಚಿತ್ರದ ಮುಂದೆ ಒಂದು ಗಳಿಗೆ ನಿಂತು, ಪಿಸ್ತೂಲು ತೆಗೆದು ಪೂಜೆಯ ಸಾಮಗ್ರಿಗಳಿಗೆ ಗುಂಡು ಹಾರಿಸುತ್ತಾನೆ. ಇದರ ಪರಿಣಾಮ ಗೊತ್ತಿದೆಯೇ ಎಂದು ಯಾಮಾಮೊರಿ ಗದರಿದಾಗ, ಗುಂಡುಗಳು ಇನ್ನೂ ಉಳಿದಿವೆ ಎಂದಷ್ಟೇ ತಿಳಿಸಿ ಹೊರನಡೆಯುತ್ತಾನೆ. ನಿಂಕ್ಯೊ ನಾಯಕನಾಗಿದ್ದರೆ ಉಳಿದ ಗುಂಡನ್ನು ಯಾಮಾಮೊರಿಯ ಎದೆಗೆ ಇಳಿಸುತ್ತಿದ್ದ. ಹಿರೊನೊ ಅದನ್ನು ಮಾಡುವುದಿಲ್ಲ. ಕೊಂದಿದ್ದರೆ ಕೆಟ್ಟವನೊಬ್ಬನಿಗೆ ಶಿಕ್ಷೆಯಾಯಿತೆಂಬ ಸಮಾಧಾನ ಪ್ರೇಕ್ಷಕರಿಗೆ ಸಿಗುತ್ತಿತ್ತು, ಮತ್ತು ಕಟ್ಟಳೆ ಮತ್ತೆ ಪವಿತ್ರವಾಗಿ ಎದ್ದು ನಿಲ್ಲುತ್ತಿತ್ತು. ಕಸಾಹಾರಾ ಮತ್ತು ಫುಕಾಸಾಕು ಆ ಸಮಾಧಾನವನ್ನು ಕೊಡಲು ಒಪ್ಪಲಿಲ್ಲ; ಆ ನಿರ್ಧಾರಕ್ಕಾಗಿ ಅವರನ್ನು ನಾನು ಮನಸಾರೆ ಮೆಚ್ಚುತ್ತೇನೆ.

ಫುಕಾಸಾಕು ಈ ಕಥೆಯಲ್ಲಿ ಏನನ್ನು ಕಂಡರು ಎಂಬುದಕ್ಕೆ ಅವರ ಬಾಲ್ಯದಲ್ಲಿ ಉತ್ತರವಿದೆ. 1930ರಲ್ಲಿ ಮಿತೊ ಊರಿನಲ್ಲಿ ಹುಟ್ಟಿದ ಅವರು 1945ರಲ್ಲಿ ಹದಿನೈದರ ಹುಡುಗರಾಗಿ ಶಸ್ತ್ರಾಸ್ತ್ರ ಕಾರ್ಖಾನೆಯಲ್ಲಿ ದುಡಿಯುತ್ತಿದ್ದರು. ಅಮೆರಿಕದ ನೌಕೆಗಳ ಫಿರಂಗಿ ದಾಳಿಯಲ್ಲಿ ಜೊತೆಯ ಹುಡುಗರು ಸತ್ತರು. ಉಳಿದವರು ಆ ದೇಹಗಳನ್ನು ಎತ್ತಬೇಕಾಯಿತು. ದೇಶಕ್ಕಾಗಿ ಸಾಯಿರಿ ಎಂದು ಹುಡುಗರನ್ನು ಕಳಿಸಿದ ಹಿರಿಯರು ಸೋಲಿನ ಮರುದಿನವೇ ಬೇರೆ ಮಾತು ಆಡತೊಡಗಿದ್ದನ್ನು ಆ ಪೀಳಿಗೆ ಕಣ್ಣಾರೆ ಕಂಡಿತು. ಅಳುತ್ತಾ ಕಳಿಸಿ, ಮರೆತು, ಮತ್ತೆ ಅಳುವ ಯಾಮಾಮೊರಿಯಲ್ಲಿ ಆ ಹಿರಿಯರ ಚಹರೆ ಇದೆ.

ಚಿತ್ರೀಕರಣದ ಕ್ರಮವೂ ಇದೇ ವಾದವನ್ನು ಮುಂದುವರಿಸುತ್ತದೆ. ಕೈಯಲ್ಲಿ ಹಿಡಿದ ಕ್ಯಾಮೆರಾ ಹೊಡೆದಾಟದ ನಡುವೆ ಓಲಾಡುತ್ತದೆ, ವಾಲುತ್ತದೆ. ಸುದ್ದಿಚಿತ್ರದಂತೆ ನಿರೂಪಕನ ದನಿ ಕೇಳಿಸುತ್ತದೆ. ಒಬ್ಬೊಬ್ಬ ಸತ್ತಾಗಲೂ ಚಿತ್ರ ಗಕ್ಕನೆ ನಿಂತು ಅವನ ಹೆಸರು, ಸತ್ತ ದಿನಾಂಕ ಪರದೆಯ ಮೇಲೆ ಮೂಡುತ್ತದೆ. ಯಾವ ಗುಂಪಿನವನು, ನಿಷ್ಠನೋ ದ್ರೋಹಿಯೋ ಎಂಬ ಭೇದ ಅಲ್ಲಿಲ್ಲ; ಎಲ್ಲರಿಗೂ ಒಂದೇ ಅಳತೆಯ ಅಕ್ಷರ. ಆ ಅಕ್ಷರಗಳು ಯಾಮಾಮೊರಿಯ ಮುಖದ ಮೇಲೆ ಮೂಡುವುದೇ ಇಲ್ಲ.

ಒಂದು ಎಚ್ಚರಿಕೆಯನ್ನೂ ದಾಖಲಿಸಬೇಕು. ಮೂಲ ಬರಹ ಮಿನೊನದು, ಅಂದರೆ ಹಿರೊನೊ ಪಾತ್ರಕ್ಕೆ ಮಾದರಿಯಾದವನದೇ. ಜಗಳದ ಒಂದು ಪಕ್ಷದವನು ತನ್ನ ಸಮರ್ಥನೆಗೆ ಬರೆದದ್ದರಲ್ಲಿ ಅವನು ಮೋಸಹೋದವನಾಗಿಯೂ ಯಜಮಾನ ಮೋಸಗಾರನಾಗಿಯೂ ಕಾಣುವುದು ಸಹಜ. ಚಿತ್ರವನ್ನು ಕುರೆಯ ಇತಿಹಾಸವೆಂದು ಓದುವುದು ಆ ಕಾರಣಕ್ಕೆ ತಪ್ಪು. ಆದರೆ ಕಸಾಹಾರಾ ಹಿರೊನೊನನ್ನು ಕಳಂಕವಿಲ್ಲದವನಾಗಿ ಬಿಡಲಿಲ್ಲ. ಅವನು ಎರಡು ಕೊಲೆ ಮಾಡಿದ್ದಾನೆ; ಯಜಮಾನ ಎಂಥವನೆಂದು ಸುಳಿವು ಸಿಕ್ಕ ಮೇಲೂ ವರ್ಷಗಟ್ಟಲೆ ಅವನ ನೆರಳಿನಲ್ಲಿದ್ದಾನೆ; ಅವನು ಬೆರಳು ಕೊಡದಿದ್ದರೆ, ಗುಂಡು ಹಾರಿಸದಿದ್ದರೆ ಯಾಮಾಮೊರಿ ಬೆಳೆಯುತ್ತಲೇ ಇರಲಿಲ್ಲ.

ಮೊದಲ ಚಿತ್ರದ ಗೆಲುವಿನಿಂದ 1974ರ ಜೂನ್‌ನೊಳಗೆ ಇನ್ನೂ ನಾಲ್ಕು ಭಾಗಗಳು ಬಂದವು. ಎರಡನೆಯ ಭಾಗದಲ್ಲಿ ಶೋಜಿ ಯಾಮಾನಾಕಾ ಎಂಬ ಯುವಕ ಯಜಮಾನನ ಮಾತು ನಂಬಿ ಕೊಂದು, ಕೊನೆಗೆ ತನ್ನನ್ನೇ ಕೊಂದುಕೊಳ್ಳುತ್ತಾನೆ. ಹಿರೊನೊನಿಗಿಂತ ಹೆಚ್ಚು ನಿಷ್ಠನಾದವನಿಗೆ ಏನಾಗುತ್ತದೆ ಎಂಬುದರ ಪರೀಕ್ಷೆ ಅದು. ಮೂರನೆಯ ಮತ್ತು ನಾಲ್ಕನೆಯ ಭಾಗಗಳಲ್ಲಿ ಕೋಬೆಯ ಎರಡು ಭಾರಿ ಸಂಘಟನೆಗಳ ಪೈಪೋಟಿ ಹಿರೊಶಿಮಾದ ಸಣ್ಣ ಗುಂಪುಗಳ ರಕ್ತದಲ್ಲಿ ನಡೆಯುತ್ತದೆ. ಬಟ್ಟಲು ಈಗ ರಾಜತಾಂತ್ರಿಕ ಒಪ್ಪಂದದಂತೆ ಕೈಯಿಂದ ಕೈಗೆ ದಾಟುತ್ತದೆ, ಯಾರು ಯಾರ ತಮ್ಮ ಎಂಬುದು ತಿಂಗಳಿಗೊಮ್ಮೆ ಬದಲಾಗುತ್ತದೆ, ಯಾಮಾಮೊರಿ ಎಲ್ಲ ಪಕ್ಷಗಳಲ್ಲೂ ಇದ್ದು ಯಾವುದರಲ್ಲೂ ಸಾಯುವುದಿಲ್ಲ. ಕೊನೆಯ ಭಾಗದಲ್ಲಿ ದೀರ್ಘ ಸೆರೆವಾಸ ಮುಗಿಸಿ ಬಂದ ಹಿರೊನೊ, ಇನ್ನೊಬ್ಬ ಯುವಕನ ಸಾವಿನ ನಂತರ ಗುಂಪಿನ ಬಾಳಿನಿಂದ ನಿವೃತ್ತನಾಗುತ್ತಾನೆ. ಹಿರಿಯರಿಗಾಗಿ ಸಾಯಲು ಸಿದ್ಧರಾದ ಹೊಸ ಹುಡುಗರು ಈಗ ತನ್ನ ಸುತ್ತಲೇ ನೆರೆದಿದ್ದಾರೆಂದೂ, ತಾನು ಯಜಮಾನನಾಗಿ ಉಳಿದರೆ ಅವರ ಪಾಲಿಗೆ ತಾನೇ ಯಾಮಾಮೊರಿಯಾಗುತ್ತೇನೆಂದೂ ಅವನಿಗೆ ಆಗ ಅರಿವಾಗಿದೆ ಎಂದೇ ಆ ನಿವೃತ್ತಿಯನ್ನು ನಾನು ಓದುತ್ತೇನೆ.